ಮನಿಲಾದ ಗವರ್ನರ್‌ಗಳ ಬಗ್ಗೆ ನೀ ಕೇಳಿದ್ದಕ್ಕೆ

ಮಾರಾಯ,

ನೀ ಕಳ್ಸಿದ ಇಂತ್ರಾಮುರೋಸ್, ಅದೇ ಮನಿಲಾದ ಹಳೇ ಕೋಟೆ ಊರಿನ ಫೋಟೋ ಎಲ್ಲ ನೋಡ್ದೆ, ಕೋಟೆ ಗೋಡೆ ಚೆನ್ನಾಗಿ ಬಂದಿದೆ. ಅದ್ರ ಕೆಳಗೆ ನೀ ಬರ್ದಿದ್ಯಲ್ಲ, "ಇಲ್ಲಿ ಕೂತಿದ್ದ ಸ್ಪೇನಿನ ಗವರ್ನರ್‌ಗಳು ರಾಜನಿಗಿಂತ ಜೋರಾಗಿ ಮೆರೆದಿರ್ಬೇಕು, ಕೇಳೋರು ಯಾರಿದ್ರು" ಅಂತ, ಅದಕ್ಕೆ ವಾಟ್ಸಾಪಲ್ಲೇ ಉತ್ತರ ಹಾಕೋಕೆ ಹೋದೆ, ಬರೀತಾ ಬರೀತಾ ಉದ್ದ ಆಯ್ತು, ಹಂಗಾಗಿ ಪತ್ರ. ಮೆರೆದಿದ್ದು ಹೌದು. ಆದ್ರೆ ಕೇಳೋರಿರ್ಲಿಲ್ಲ ಅನ್ನೋದನ್ನ ಒಪ್ಪಲ್ಲ. ಕೇಳೋರು ಬೇಕಾದ್ದಕ್ಕಿಂತ ಜಾಸ್ತಿನೇ ಇದ್ರು, ಏನಂದ್ರೆ ಕೇಳ್ಬೇಕಾದ ವಿಷಯ ಒಂದನ್ನ ಬಿಟ್ಟು ಉಳಿದಿದ್ದೆಲ್ಲ ಕೇಳ್ತಿದ್ರು.

ಮೊದ್ಲು ದೂರ ಎಷ್ಟು ಅಂತ ನೋಡು. ಫಿಲಿಪೀನ್ಸ್ ಸ್ಪೇನಿನ ವಸಾಹತು ಆಗಿದ್ರೂ ಮನಿಲಾ ನೇರವಾಗಿ ಮ್ಯಾಡ್ರಿಡ್ ಕೈಕೆಳಗೆ ಇರ್ಲಿಲ್ಲ, ಮೆಕ್ಸಿಕೋದ ವೈಸರಾಯ್ ಮುಖಾಂತರ ನಡೀತಿತ್ತು. ಜೂನ್ ಜುಲೈ ಹೊತ್ತಿಗೆ ಮನಿಲಾದಿಂದ ಗ್ಯಾಲಿಯನ್ ಹಡಗು ಹೊರಟ್ರೆ ಪೆಸಿಫಿಕ್ ದಾಟಿ ಅಕಾಪುಲ್ಕೊ ಮುಟ್ಟೋಕೆ ಐದಾರು ತಿಂಗಳು, ಅಲ್ಲಿಂದ ಹೇಸರಗತ್ತೆ ಮೇಲೆ ಮೆಕ್ಸಿಕೋ ಸಿಟಿ, ಆಮೇಲೆ ವೆರಾಕ್ರೂಸ್ ಬಂದರು, ಮತ್ತೆ ಇನ್ನೊಂದು ಸಮುದ್ರ ದಾಟಿ ಸ್ಪೇನ್. ಅಲ್ಲಿ ಇಂಡೀಸ್ ಕೌನ್ಸಿಲ್ ಅನ್ನೋ ಆಫೀಸಲ್ಲಿ ಫೈಲು ಎಷ್ಟು ದಿನ ಮಲಗತ್ತೋ ಮಲಗತ್ತೆ. ಅಂತೂ ಗವರ್ನರ್ ಒಂದು ಪ್ರಶ್ನೆ ಕೇಳಿ ಉತ್ತರ ಕೈಗೆ ಬರೋಕೆ ಎರಡು ವರ್ಷ ಅಂದ್ರೆ ಬೇಗ ಬಂತು ಅಂತಾನೇ ಲೆಕ್ಕ. ನಡುವೆ ಹಡಗು ಮುಳುಗಿದ್ರೆ ಪ್ರಶ್ನೆನೂ ಮುಳುಗ್ತು.

ನೀ ಫೋಟೋ ತೆಗ್ದ ಆ ಕಲ್ಲಿನ ಗೋಡೆ ಇದ್ಯಲ್ಲ, ಅದನ್ನ ಕಟ್ಸೋಕೆ ಶುರು ಮಾಡಿದ್ದು ಗೋಮೆಸ್ ಪೆರೆಸ್ ದಾಸ್ಮರಿನ್ಯಾಸ್, 1590ರಲ್ಲಿ ಬಂದ ಗವರ್ನರ್. ಮೂರೇ ವರ್ಷ. 1593ರಲ್ಲಿ ಮಲಕ್ಕು ದ್ವೀಪಗಳ ಮೇಲೆ ದಂಡೆತ್ತಿ ಹೊರಟಾಗ ಹಡಗಿಗೆ ಹುಟ್ಟು ಹಾಕೋಕೆ ಅಂತ ಊರಿನ ಚೀನೀಯರನ್ನ ಬಲವಂತವಾಗಿ ಎಳ್ಕೊಂಡು ಹೋದ, ಅವ್ರು ರಾತ್ರೋರಾತ್ರಿ ದಂಗೆ ಎದ್ದು ಅವನನ್ನೇ ಕೊಂದು ಹಡಗು ತಗೊಂಡು ಹೋದ್ರು. ಜಾಗಕ್ಕೆ ಮಗ ಬಂದ. ರಾಜನಿಗೆ ಸುದ್ದಿ ಮುಟ್ಟೋ ಹೊತ್ತಿಗೆ ಎಲ್ಲ ಆಗಿಹೋಗಿತ್ತು.

ಇಷ್ಟು ದೂರದಲ್ಲಿ ಒಬ್ಬನ ಕೈಗೆ ಸೈನ್ಯ, ಖಜಾನೆ ಎಲ್ಲ ಕೊಟ್ಟು ರಾಜ ಹೆಂಗೆ ನಿದ್ದೆ ಮಾಡ್ತಿದ್ದ? ಯಾರನ್ನೂ ನಂಬ್ದೆ. ಗವರ್ನರ್ ಮೇಲೆ ಕಣ್ಣಿಡೋಕೆ ಆಡಿಯೆನ್ಸಿಯಾ ಅನ್ನೋ ಹೈಕೋರ್ಟು, ಆ ಕೋರ್ಟಿನ ಅಧ್ಯಕ್ಷ ಮತ್ತೆ ಗವರ್ನರೇ. ಪಕ್ಕದಲ್ಲಿ ಆರ್ಚ್‌ಬಿಷಪ್, ಅವ್ರಿಗೂ ರಾಜನಿಗೆ ಪತ್ರ ಬರೆಯೋ ಹಕ್ಕಿದೆ. ಅಗಸ್ಟೀನಿಯನ್, ಫ್ರಾನ್ಸಿಸ್ಕನ್, ಡೊಮಿನಿಕನ್, ಜೆಸ್ಯೂಟ್ ಮಠದೋರು ಬೇರೆ, ಅವ್ರಿಗೆ ಒಬ್ಬರನ್ನ ಕಂಡ್ರೆ ಒಬ್ಬರಿಗಾಗಲ್ಲ, ಎಲ್ಲರೂ ಬರೀತಾರೆ. ಪ್ರತಿ ಗ್ಯಾಲಿಯನ್ನಲ್ಲೂ ರೇಷ್ಮೆ, ಪಿಂಗಾಣಿ ಜೊತೆ ಒಂದು ಗಂಟು ಚಾಡಿ ಹೋಗ್ತಿತ್ತು ಅಂತಿಟ್ಕೋ.

ಇದೆಲ್ಲಕ್ಕಿಂತ ದೊಡ್ಡ ಕಂಟಕ ರೆಸಿಡೆನ್ಸಿಯಾ. ಅವಧಿ ಮುಗಿದ ಗವರ್ನರ್ ಗಂಟುಮೂಟೆ ಕಟ್ಕೊಂಡು ಹೊರಡೋ ಹಾಗಿಲ್ಲ, ಊರಲ್ಲೇ ಇರ್ಬೇಕು, ಡಂಗುರ ಹೊಡೀತಾರೆ, ಇವನಿಂದ ಅನ್ಯಾಯ ಆಗಿರೋರು ಬಂದು ದೂರು ಕೊಡಿ ಅಂತ. ಸಾಮಾನ್ಯವಾಗಿ ವಿಚಾರಣೆ ಮಾಡೋನು ಯಾರು ಗೊತ್ತಾ, ಅವನ ಜಾಗಕ್ಕೆ ಬಂದಿರೋ ಹೊಸ ಗವರ್ನರ್! ನಮ್ಮಲ್ಲಿ ಚಾರ್ಜ್ ತಗೊಳ್ಳೋಕೆ ಬಂದ ತಹಶೀಲ್ದಾರ್ರೇ ಹಳೇ ತಹಶೀಲ್ದಾರ್ರನ್ನ ಕಟಕಟೆಲಿ ನಿಲ್ಸಿದ ಹಾಗೆ. ಅವನಿಗೂ ಗೊತ್ತು, ಮುಂದೊಂದಿನ ತಾನೂ ಅಲ್ಲೇ ನಿಲ್ಬೇಕು ಅಂತ, ಆದ್ರೂ ಕೆಲವ್ರು ಕೈ ಬಿಗಿ ಹಿಡೀಲಿಲ್ಲ.

ಸೆಬಾಸ್ಟಿಯನ್ ಹುರ್ತಾದೋ ದೆ ಕೊರ್ಕುಎರಾ ಕಥೆ ಕೇಳು. 1635ರಲ್ಲಿ ಬಂದ, ದೊಡ್ಡ ಸೈನಿಕ, ಮಿಂಡನಾವೋ, ಹೋಲೋ ಎರಡೂ ದ್ವೀಪಗಳ ಮೇಲೆ ದಂಡೆತ್ತಿ ಗೆದ್ದ, ಜಗಳ ಆಯ್ತು ಅಂತ ಆರ್ಚ್‌ಬಿಷಪ್‌ನ ಹಿಡಿದು ಗಡೀಪಾರು ಮಾಡ್ಸಿದ. 1638ರಲ್ಲಿ ಗ್ಯಾಲಿಯನ್ ಕಮಾಂಡರ್ ಹುದ್ದೆನ, ಅದು ದುಡ್ಡಿನ ಹೊಳೆ ಹರಿಯೋ ಹುದ್ದೆ ಮಾರಾಯ, ತನ್ನ ಎಳೇ ವಯಸ್ಸಿನ ಸೋದರ ಸಂಬಂಧಿಗೆ ಕೊಟ್ಟ, ಆ ಹಡಗು ಸೈಪಾನ್ ದ್ವೀಪದ ಹತ್ರ ಒಡೆದು ಚೂರಾಯ್ತು. ಮನಿಲಾದ ವ್ಯಾಪಾರಿಗಳೆಲ್ಲ ವರ್ಷದ ಬಂಡವಾಳ ಹಾಕೋದೇ ಗ್ಯಾಲಿಯನ್ ಮೇಲೆ, ಬಿಡ್ತಾರಾ? 1644ರಲ್ಲಿ ದಿಯೆಗೋ ಫಹಾರ್ದೋ ಅನ್ನೋ ಹೊಸ ಗವರ್ನರ್ ಬಂದ, ರೆಸಿಡೆನ್ಸಿಯಾ ಶುರುವಾಯ್ತು, ಕೊರ್ಕುಎರಾ ತಾನು ಆಳಿದ ಊರಲ್ಲೇ ಐದು ವರ್ಷ ಜೈಲಲ್ಲಿ ಕೂತ. ಆಮೇಲೆ ರಾಜನ ಕಡೆಯಿಂದ ಬಿಡುಗಡೆ ಆಯ್ತು, ಬಿಡುಗಡೆ ಅಷ್ಟೇ ಅಲ್ಲ, ಮುಂದೆ ಕ್ಯಾನರಿ ದ್ವೀಪಗಳಿಗೆ ಗವರ್ನರ್ ಮಾಡಿ ಕಳ್ಸಿದ್ರು. ತಪ್ಪಿತಸ್ಥನಾಗಿದ್ರೆ ಆ ಹುದ್ದೆ ಯಾಕೆ, ಅಲ್ಲ ಅಂದ್ರೆ ಐದು ವರ್ಷ ಜೈಲು ಯಾಕೆ, ಕೇಳ್ಬೇಡ.

ದಿಯೆಗೋ ದೆ ಸಾಲ್ಸೆದೋಗೆ ಇನ್ನೂ ಕೆಟ್ಟದಾಯ್ತು. ಅವನನ್ನ ಕೆಳಗಿಳಿಸಿದ್ದು ರಾಜನೂ ಅಲ್ಲ ಕೋರ್ಟೂ ಅಲ್ಲ. 1668ರ ಒಂದು ರಾತ್ರಿ ಇನ್ಕ್ವಿಸಿಷನ್ ಹೆಸರಲ್ಲಿ, ಅಂದ್ರೆ ಧರ್ಮದ್ರೋಹ ವಿಚಾರಿಸೋ ಚರ್ಚಿನ ಕೋರ್ಟಿನ ಹೆಸರಲ್ಲಿ, ಪತೆರ್ನಿನಾ ಅನ್ನೋ ಪಾದ್ರಿ ಅರಮನೆಗೇ ನುಗ್ಗಿ ಮಲಗಿದ್ದ ಗವರ್ನರನ್ನ ಸರಪಳಿ ಹಾಕಿ ಎಳ್ಕೊಂಡು ಹೋದ. ಒಬ್ಬ ಸಿಪಾಯಿನೂ ಅಡ್ಡ ಬರ್ಲಿಲ್ಲ. ವಿಚಾರಣೆಗೆ ಅಂತ ಮೆಕ್ಸಿಕೋಗೆ ಸಾಗಿಸಿದ್ರು, ನಡುಸಮುದ್ರದಲ್ಲೇ ಸತ್ತ. ಅರೆಸ್ಟೇ ಕಾನೂನುಬಾಹಿರ ಅಂತ ಆಮೇಲೆ ತೀರ್ಪು ಬಂತು, ಪತೆರ್ನಿನಾನ ಮೆಕ್ಸಿಕೋಗೆ ಕರೆಸಿದ್ರು, ಅವನೂ ಹೋಗ್ತಾ ದಾರಿಲೇ ಸತ್ತ. ಕಥೆ ಕಟ್ಟಿದ್ರೂ ಹಿಂಗೆ ಕಟ್ಟೋಕೆ ಆಗಲ್ಲ.

ಇನ್ನು ಬುಸ್ತಮಾಂತೆ. ಇವನ ಬಗ್ಗೆ ನಂಗೆ ಸ್ವಲ್ಪ ಪಕ್ಷಪಾತ ಇದೆ, ಮೊದ್ಲೇ ಹೇಳ್ಬಿಡ್ತೀನಿ. 1717ರಲ್ಲಿ ಬಂದವನು ಖಜಾನೆ ಬಾಗಿಲು ತೆಗೆದ್ರೆ ಒಳಗೆ ಏನಿಲ್ಲ, ಊರ ದೊಡ್ಡಮನುಷ್ಯರೆಲ್ಲ ಸರ್ಕಾರದ ದುಡ್ಡು ಉಳಿಸ್ಕೊಂಡು ಕೂತಿದ್ದಾರೆ. ವಸೂಲಿಗೆ ನಿಂತ. ಸಾಲಗಾರರು ಓಡಿಹೋಗಿ ಚರ್ಚಲ್ಲಿ ಆಶ್ರಯ ತಗೊಂಡ್ರು, ಚರ್ಚಿನೊಳಗೆ ಅರೆಸ್ಟ್ ಮಾಡೋ ಹಾಗಿಲ್ವಲ್ಲ. ಇವನೂ ಸಿಟ್ಟಿನ ಮನುಷ್ಯ, ಹದ ಗೊತ್ತಿಲ್ಲ, ಜಗಳ ಬೆಳೀತಾ ಬೆಳೀತಾ ಆರ್ಚ್‌ಬಿಷಪ್ ದೆ ಲಾ ಕುಯೆಸ್ತಾರನ್ನೇ ಜೈಲಿಗೆ ಹಾಕ್ದ. 1719ರ ಅಕ್ಟೋಬರ್ 11ಕ್ಕೆ ಪಾದ್ರಿಗಳೇ ಮುಂದೆ ನಿಂತು ಮೆರವಣಿಗೆ ಹೊರಡ್ಸಿದ್ರು, ಗುಂಪು ಅರಮನೆಗೆ ನುಗ್ತು, ಗವರ್ನರನ್ನೂ ಮಗನನ್ನೂ ಕೊಂದ್ರು. ಜೈಲಿಂದ ಹೊರಗೆ ಬಂದ ಆರ್ಚ್‌ಬಿಷಪ್ಪೇ ಹಂಗಾಮಿ ಗವರ್ನರ್ ಆದ! ರಾಜ ವಿಚಾರಣೆಗೆ ಆರ್ಡರ್ ಮಾಡ್ದ, ಮುಂದಿನ ಗವರ್ನರ್ ಕಾಗದ ಮೇಲೆ ಕಾಗದ ಹೊರಳಿಸ್ದ, ಆರ್ಚ್‌ಬಿಷಪ್‌ನ ಮೆಕ್ಸಿಕೋಗೆ ವರ್ಗ ಮಾಡಿದ್ರು, ಅಲ್ಲಿಗೆ ಮುಗೀತು. ಫೆಲಿಕ್ಸ್ ಹಿದಾಲ್ಗೋ ಅನ್ನೋ ಫಿಲಿಪಿನೋ ಕಲಾವಿದ ಈ ಕೊಲೆನ ಗೋಡೆಯಗಲ ಚಿತ್ರ ಬರ್ದಿದ್ದಾನೆ, ಪಾದ್ರಿಗಳು ಅವನನ್ನ ಮೆಟ್ಟಿಲಿಂದ ಎಳೀತಿರೋದು, ಅಲ್ಲೇ ನ್ಯಾಷನಲ್ ಮ್ಯೂಸಿಯಂನಲ್ಲಿದೆ. ಮಾಲ್ ಸುತ್ತೋದು ಬಿಟ್ಟು ಒಂದ್ಸಲ ಹೋಗಿ ನೋಡ್ಕೊಂಡ್ ಬಾ.

ಹಂಗಂತ ಇವರೆಲ್ಲ ಪಾಪದೋರು ಅಂತಲ್ಲ. ರಾಜನ ಆದೇಶ ಬಂದ್ರೆ ಅದನ್ನ ತಗೊಂಡು ಮುತ್ತಿಟ್ಟು ತಲೆ ಮೇಲೆ ಇಟ್ಕೊಂಡು, "ವಿಧೇಯನಾಗಿದ್ದೀನಿ, ಆದ್ರೆ ಜಾರಿ ಮಾಡಲ್ಲ" ಅಂತ ಹೇಳೋ ಪದ್ಧತಿನೇ ಇತ್ತು ಸ್ಪೇನಿನ ಎಲ್ಲ ವಸಾಹತುಗಳಲ್ಲೂ, ಅದು ಕಾನೂನಿಗೆ ವಿರುದ್ಧ ಅಲ್ಲ, ರಾಜನಿಗೆ ಇಲ್ಲಿಯ ಪರಿಸ್ಥಿತಿ ಗೊತ್ತಿಲ್ಲ, ವಿವರ ಬರೆದು ಕಳಿಸ್ತೀವಿ, ಅಲ್ಲೀವರೆಗೆ ತಡೆ ಅಂತ ಅರ್ಥ. ಅಲ್ಲೀವರೆಗೆ ಅಂದ್ರೆ ಎಷ್ಟು ಅಂತ ಮೇಲೆ ಹೇಳಿದ್ನಲ್ಲ. ಗ್ಯಾಲಿಯನ್ ವ್ಯಾಪಾರಕ್ಕೆ ರಾಜ ಮಿತಿ ಹಾಕಿದ್ದ, ಹೋಗುವಾಗ 2,50,000 ಪೆಸೊ ಸರಕು, ಬರುವಾಗ 5,00,000 ಪೆಸೊ ಬೆಳ್ಳಿ. ಯಾರು ಲೆಕ್ಕಕ್ಕಿಟ್ರು? ಹಡಗು ತುಂಬಿ ತುಳುಕ್ತಿತ್ತು, ಅದ್ರಲ್ಲಿ ಗವರ್ನರ್ ಪಾಲೂ ಇರ್ತಿತ್ತು.

ಆದ್ರೆ ನಂಗೆ ನಿಜಕ್ಕೂ ಉರಿಯೋದು ಬೇರೆ ವಿಷಯ. ಕೊರ್ಕುಎರಾನ ಜೈಲಿಗೆ ಹಾಕಿದ ಫಹಾರ್ದೋ ಇದ್ನಲ್ಲ, ನ್ಯಾಯಾಧೀಶ, ಅವನೇ 1649ರಲ್ಲಿ ಹಡಗು ಕಟ್ಟೋಕೆ ವಿಸಾಯ ದ್ವೀಪಗಳಿಂದ ಆಳುಗಳನ್ನ ಮನಿಲಾ ಹತ್ರದ ಕವೀಟೆ ಬಂದರಿಗೆ ಕಳ್ಸಿ ಅಂತ ಆರ್ಡರ್ ಹೊರಡ್ಸಿದ್ದು. ಹೆಂಡತಿ ಮಕ್ಕಳನ್ನ ಬಿಟ್ಟು ಅಷ್ಟು ದೂರ ಬಿಟ್ಟಿ ಚಾಕ್ರಿಗೆ ಹೋಗಲ್ಲ ಅಂತ ಸಮರ್ ದ್ವೀಪದ ಪಲಪಾಗ್ ಊರಲ್ಲಿ ಸುಮುರೊಯ್ ನೇತೃತ್ವದಲ್ಲಿ ಜನ ದಂಗೆ ಎದ್ರು, ಅದು ಅಕ್ಕಪಕ್ಕದ ದ್ವೀಪಗಳಿಗೂ ಹಬ್ಬಿತು, ಹೊಡೆದು ಹಾಕಿದ್ರು. ಕಾಗದದ ಮೇಲೆ ಊರಿನ ಜನಕ್ಕೂ ರೆಸಿಡೆನ್ಸಿಯಾದಲ್ಲಿ ದೂರು ಕೊಡೋ ಹಕ್ಕಿತ್ತು. ಆದ್ರೆ ಗವರ್ನರ್‌ಗಳು ಬಿದ್ದಿದ್ದೆಲ್ಲ ವ್ಯಾಪಾರಿ ದುಡ್ಡು ಮುಳುಗಿಸಿದ್ದಕ್ಕೆ, ಪಾದ್ರಿ ಮೈಮೇಲೆ ಕೈ ಹಾಕಿದ್ದಕ್ಕೆ. ಹಡಗಿಗೆ ಅಂತ ಮರ ಕಡಿಸಿ ಹೆಣ ಬೀಳ್ಸಿದ್ದಕ್ಕೆ ಬಿದ್ದೋರು ನಂಗಂತೂ ಸಿಕ್ಕಿಲ್ಲ. ನೀ ಕೇಳೋರು ಯಾರಿದ್ರು ಅಂದಿದ್ದು ಇಲ್ಲಿಗೆ ಮಾತ್ರ ಸರಿ ಹೋಗತ್ತೆ.

ಅಂದಹಾಗೆ ನಮ್ಮ ಸಾಗರ ತಾಲೂಕಿನ ಕಡೆಗೂ ಇದೇ ರಾಜನ ನೆರಳು ಬಿದ್ದಿತ್ತು ಗೊತ್ತಾ. 1580ರಿಂದ 1640ರವರೆಗೆ ಸ್ಪೇನಿನ ರಾಜನೇ ಪೋರ್ಚುಗಲ್ಲಿಗೂ ರಾಜ, ಅಂದ್ರೆ ಗೋವಾದ ವೈಸರಾಯ್ ಕೂಡ ಮ್ಯಾಡ್ರಿಡ್‌ನಲ್ಲಿ ಕೂತವನ ಹೆಸರಲ್ಲೇ ಆಳ್ತಿದ್ದ. 1623ರಲ್ಲಿ ಗೋವಾದಿಂದ ಇಕ್ಕೇರಿಗೆ ವೆಂಕಟಪ್ಪ ನಾಯಕರ ಹತ್ರ ರಾಯಭಾರಿ ಬಂದಿದ್ನಲ್ಲ, ಜೊತೆಗೆ ಇಟಲಿಯ ಪಿಯೆತ್ರೊ ದೆಲ್ಲಾ ವಲ್ಲೆನೂ ಬಂದಿದ್ದ, ಆಗ ಆ ರಾಜ ನಾಲ್ಕನೇ ಫಿಲಿಪ್. ಅವನಿಗೆ ಇಕ್ಕೇರಿ ಎಲ್ಲಿದೆ ಅಂತ ಗೊತ್ತಿತ್ತೋ ಇಲ್ವೋ.

1762ರಲ್ಲಂತೂ ದೂರದ ಆಟ ಅತಿ ಆಯ್ತು. ಬ್ರಿಟಿಷರು ಮದ್ರಾಸಿಂದ ಹಡಗು ಹತ್ತಿ ಬಂದು ಮನಿಲಾ ಹಿಡಿದ್ರು, ನಮ್ಮ ಕಡೆಯ ಸಿಪಾಯಿಗಳೂ ಇದ್ರು ಅದ್ರಲ್ಲಿ. ಆಗ ಹಂಗಾಮಿ ಗವರ್ನರ್ ಆಗಿದ್ದ ಆರ್ಚ್‌ಬಿಷಪ್ ರೋಹೋ ಶರಣಾದ. ಸಿಮೋನ್ ದೆ ಆಂಡಾ ಅನ್ನೋ ವಯಸ್ಸಾದ ಜಡ್ಜು ಮಾತ್ರ ಊರು ಬೀಳೋ ಮುಂಚೆ ಒಂದಷ್ಟು ಪೆಸೊ, ಒಂದಷ್ಟು ಸ್ಟಾಂಪ್ ಪೇಪರ್ ಇಟ್ಕೊಂಡು ದೋಣಿ ಹತ್ತಿ ಪರಾರಿ, ಬಕೊಲೋರ್ ಅನ್ನೋ ಊರಿಗೆ ಹೋಗಿ ಇನ್ಮೇಲೆ ನಾನೇ ಗವರ್ನರ್ ಅಂದ. ಸ್ಟಾಂಪ್ ಪೇಪರ್! ಎಂತ ಆಳು ನೋಡು, ಯುದ್ಧಕ್ಕೆ ಹೊರಟ್ರೂ ಆರ್ಡರ್ ಮಾತ್ರ ಸರಿಯಾದ ಕಾಗದದಲ್ಲೇ ಹೊರಡ್ಬೇಕು. ಅತ್ಲಾಗೆ ಪ್ಯಾರಿಸ್‌ನಲ್ಲಿ 1763ರ ಫೆಬ್ರವರಿಲಿ ಶಾಂತಿ ಒಪ್ಪಂದಕ್ಕೆ ಸಹಿ ಹಾಕಿದೋರಿಗೆ ಮನಿಲಾ ಬಿದ್ದಿದೆ ಅನ್ನೋದೇ ಗೊತ್ತಿರ್ಲಿಲ್ಲ. ಊರು ವಾಪಸ್ ಸಿಕ್ಕಿದ್ದು 1764ರಲ್ಲಿ. ಆಂಡಾ ಮುಂದೆ ರಾಜನ ನೇಮಕದಿಂದಲೇ ಗವರ್ನರ್ ಆದ.

ಸೂಯೆಜ್ ಕಾಲುವೆ ಬಂದ್ಮೇಲೆ, 1880ರಲ್ಲಿ ಹಾಂಗ್‌ಕಾಂಗ್‌ವರೆಗೆ ಟೆಲಿಗ್ರಾಫ್ ಕೇಬಲ್ ಬಂದ್ಮೇಲೆ ಈ ಆಟ ಎಲ್ಲ ನಿಲ್ತು, ಮ್ಯಾಡ್ರಿಡ್ ಕೆಮ್ಮಿದ್ರೆ ಮನಿಲಾಗೆ ಕೇಳ್ತಿತ್ತು. ಆದ್ರೆ 1898ರಲ್ಲಿ ಅಮೆರಿಕದ ಅಡ್ಮಿರಲ್ ಡ್ಯೂಯಿ ಬಂದವನು ಆ ಕೇಬಲ್ಲನ್ನೇ ಕತ್ತರಿಸಿಬಿಟ್ಟ. ಆಗಸ್ಟ್ 12ಕ್ಕೆ ವಾಷಿಂಗ್ಟನ್‌ನಲ್ಲಿ ಯುದ್ಧ ನಿಲ್ಸೋ ಕಾಗದಕ್ಕೆ ಸಹಿ ಬಿತ್ತು. ಸುದ್ದಿ ಬರ್ಲಿಲ್ಲ. 13ಕ್ಕೆ ಮನಿಲಾದಲ್ಲಿ ಕಾದಾಡಿ, ಅದೂ ಮೊದ್ಲೇ ಮಾತಾಡ್ಕೊಂಡ ನಾಟಕದ ಕಾಳಗ, ಸ್ಪೇನಿನೋರು ಊರನ್ನ ಒಪ್ಪಿಸಿದ್ರು.

ಇಷ್ಟು ಸಾಕು, ಕೈ ನೋಯ್ತಿದೆ. ಆ 1762ರ ಸಿಪಾಯಿಗಳಲ್ಲಿ ಕೆಲವ್ರು ವಾಪಸ್ ಬರ್ದೆ ಕೈಂತಾ ಅನ್ನೋ ಊರಲ್ಲೇ ಮದ್ವೆಯಾಗಿ ಉಳ್ಕೊಂಡ್ರು, ಮನಿಲಾ ಪಕ್ಕದಲ್ಲೇ ಇದೆ, ರಜೆ ಸಿಕ್ಕಿದ್ರೆ ಹೋಗಿ ಬಾ, ಫೋಟೋ ಕಳ್ಸು. ಅಮ್ಮಂಗೆ ಫೋನ್ ಮಾಡೋದು ಮರೀಬೇಡ, ಮೊನ್ನೆ ಸಿಕ್ಕಿದ್ರು, ಮಗ ಫೋನೇ ಮಾಡಲ್ಲ ಅಂತಿದ್ರು.

ನಿನ್ನ ದೋಸ್ತ