ಬಾಗಿಲಿನ ಆಚೆ

ಮಾರಾಯ,

ಫೋನಿನಲ್ಲಿ ಹೇಳಹೊರಟರೆ ನೀನು ನಡುವೆ ಬಾಯಿ ಹಾಕುತ್ತೀಯ. ಅದಕ್ಕೇ ಬರೆಯುತ್ತಿದ್ದೇನೆ, ಎಲ್ಲರೂ ಓದುವ ಹಾಗೆ. ಕೊಡೆಯ ವಿಷಯ ಎತ್ತುವುದಿಲ್ಲ, ಹೆದರಬೇಡ.

ಕಳೆದ ಶುಕ್ರವಾರ ರೂಮಿನಲ್ಲಿ ‘ವಜ್ದಾ’ ನೋಡಿದೆ. 2012ರ ಸಿನಿಮಾ. ಮಾಡಿದವರು ಹೈಫಾ ಅಲ್-ಮನ್ಸೂರ್, ಸೌದಿಯವರೇ. ಅದು ಅವರ ಮೊದಲ ದೊಡ್ಡ ಸಿನಿಮಾ. ಆಗ ನಾನಿರುವ ಈ ರಿಯಾದ್‌ನಲ್ಲಿ ಥಿಯೇಟರೇ ಇರಲಿಲ್ಲ, ಬಂದದ್ದು 2018ರಲ್ಲಿ. ಬೀದಿಯಲ್ಲಿ ಗಂಡಸರ ಜೊತೆ ನಿಂತು ಹೆಂಗಸು ಶೂಟಿಂಗ್ ಮಾಡಿಸುವ ಹಾಗೂ ಇರಲಿಲ್ಲ. ಹಾಗಾಗಿ ವ್ಯಾನಿನೊಳಗೆ ಕೂತು, ಮಾನಿಟರ್ ನೋಡುತ್ತಾ, ವಾಕಿಟಾಕಿಯಲ್ಲಿ ಹೇಳಿ ಮಾಡಿಸಿದರು.

ಈ ಊರಿನಲ್ಲಿ ಹನ್ನೊಂದು ವರ್ಷದಿಂದ ಎಸಿ ರಿಪೇರಿ ಮಾಡುತ್ತಿದ್ದೇನೆ. ಎಷ್ಟು ಮನೆ ಹೊಕ್ಕಿದ್ದೇನೋ ಲೆಕ್ಕವಿಲ್ಲ. ಯಜಮಾನ ಮೊದಲು ಒಳಗೆ ಕೂಗಿ ಹೇಳುತ್ತಾನೆ. ಹೆಂಗಸರು ಬೇರೆ ಕೋಣೆಗೆ ಸರಿಯುತ್ತಾರೆ, ಬಾಗಿಲು ಹಾಕಿಕೊಳ್ಳುತ್ತದೆ. ನಾನು ಏಣಿ ಹತ್ತಿ ಫಿಲ್ಟರ್ ಬಿಚ್ಚುತ್ತೇನೆ. ಆ ಕಡೆಯಿಂದ ಮಕ್ಕಳ ನಗು, ಟಿವಿ ಸದ್ದು, ಏಲಕ್ಕಿ ಕಾಫಿಯ ಪರಿಮಳ. ನನಗೆ ಗೊತ್ತಿರುವ ಸೌದಿ ಮನೆ ಅಷ್ಟೇ.

ಬಾಗಿಲಿನ ಆಚೆ ಏನಿದೆ ಅಂತ ಹೈಫಾ ತೋರಿಸಿದರು. ಗಂಡನ ಅತಿಥಿಗಳಿಗೆ ಅಡುಗೆ ಮಾಡಿದ ತಾಯಿ, ಊಟವನ್ನು ಮಜ್ಲಿಸ್‌ನ, ಅಂದರೆ ಅತಿಥಿಗಳು ಕೂರುವ ಕೋಣೆಯ, ಬಾಗಿಲಲ್ಲಿಟ್ಟು ಸರಿಯುತ್ತಾಳೆ. ಗೋಡೆಯ ಮೇಲಿನ ವಂಶವೃಕ್ಷದಲ್ಲಿ ಬರೀ ಗಂಡಸರ ಹೆಸರು. ಪುಟ್ಟ ವಜ್ದಾ ತನ್ನ ಹೆಸರನ್ನು ಚೀಟಿಯಲ್ಲಿ ಬರೆದು ಅದಕ್ಕೆ ಸಿಕ್ಕಿಸುತ್ತಾಳೆ. ಆಮೇಲೆ ನೋಡಿದರೆ ಚೀಟಿ ಇಲ್ಲ.

ಡ್ರೈವರ್ ಇಕ್ಬಾಲ್ ನಮ್ಮ ಹಾಗೇ ದುಡಿಯಲು ಬಂದವನು. ಒಬ್ಬ ಚಿಕ್ಕ ಹುಡುಗ ಅವನನ್ನು ಊರಿಗೆ ಅಟ್ಟಿಸುತ್ತೇನೆ ಅಂತ ಹೆದರಿಸುತ್ತಾನೆ. ಕರುಳು ಚುರ್ ಅಂದಿತು. ಇಕಾಮಾ, ಅಂದರೆ ಇಲ್ಲಿರಲು ಕೊಡುವ ಪರವಾನಗಿ ಕಾರ್ಡು, ಕಿಸೆಯಲ್ಲಿಟ್ಟುಕೊಂಡು ಓಡಾಡುವವರಿಗೆ ಆ ಭಯ ಗೊತ್ತು, ಅಲ್ವಾ? ಆದರೆ ಅದೇ ಇಕ್ಬಾಲ್ ವಜ್ದಾಳ ಅಮ್ಮನ ಮೇಲೆ ಕೂಗಾಡುತ್ತಾನೆ. 2018ರವರೆಗೆ ಇಲ್ಲಿ ಹೆಂಗಸರು ಕಾರು ಓಡಿಸುವ ಹಾಗಿರಲಿಲ್ಲ. ತಾನಿಲ್ಲದೆ ಅವಳು ಕೆಲಸಕ್ಕೆ ಹೋಗಲಾರಳು ಅಂತ ಅವನಿಗೆ ಗೊತ್ತು.

ಹುಡುಗಿಗೆ ಬೇಕಾದದ್ದು ಒಂದು ಹಸಿರು ಸೈಕಲ್. ಹುಡುಗಿಯರು ಸೈಕಲ್ ಹೊಡೆಯಬಾರದು ಅನ್ನುತ್ತಾಳೆ ಅಮ್ಮ. ಅಲ್ಲಿಗೆ ನಿಲ್ಲಿಸಿಬಿಟ್ಟೆ. ಉಳಿದದ್ದನ್ನು ಮರುದಿನ ರಾತ್ರಿ ನೋಡಿದೆ.

ಹೋದ ಬೇಸಿಗೆ ರಜೆಯಲ್ಲಿ ಮಗಳು ಸೈಕಲ್ ಕೇಳಿದ್ದಳು. ‘ದೊಡ್ಡವಳಾಗುತ್ತಿದ್ದೀಯ, ರಸ್ತೆ ಸುತ್ತುವುದು ಬೇಡ’ ಅಂದಿದ್ದೆ. ಅವಳು ‘ಹ್ಞೂಂ’ ಅಂದು ಫೋನನ್ನು ಅಮ್ಮನಿಗೆ ಕೊಟ್ಟಳು. ಮತ್ತೆ ಕೇಳಿದರೆ ಅಪ್ಪನ ಹತ್ತಿರ ದುಡ್ಡಿಲ್ಲ ಅನ್ನು ಅಂತ ಅವಳ ಅಮ್ಮನಿಗೂ ಹೇಳಿಕೊಟ್ಟೆ. ದುಡ್ಡು ಇತ್ತು ಮಾರಾಯ. ಮಗಳು ಮತ್ತೆ ಕೇಳಲೇ ಇಲ್ಲ.

ಇಷ್ಟೆಲ್ಲ ಬರೆಯಬೇಕು ಅಂತ ಇರಲಿಲ್ಲ. ಇರಲಿ. ಭಾನುವಾರ ಮಗಳನ್ನು ಪೇಟೆಗೆ ಕರೆದುಕೊಂಡು ಹೋಗು. ಬಣ್ಣ ಅವಳೇ ಆರಿಸಲಿ. ಸೈಕಲ್ ಕಲಿಸುವ ಕೆಲಸ ಮಾತ್ರ ನಿನ್ನ ತಂಗಿಗೆ ಬಿಡು, ನೀನು ಬಿದ್ದ ಶೆಟ್ರ ಗದ್ದೆ ಇನ್ನೂ ಅಲ್ಲೇ ಇದೆ. ಹಾಂ, ಕೊಡೆ ಮನೆಯಲ್ಲೇ ಬಿಟ್ಟು ಹೋಗು.

ನಿನ್ನವನೇ