ಚೇರ್ಮನ್ನರಿಗೊಂದು ಪತ್ರ, ಡಾರ್ಟ್ಸ್ ವಿಷಯವಾಗಿ

ಚೇರ್ಮನ್ನರೇ,

ನೀನು ಕಳಿಸಿದ ಲ್ಯೂಕ್ ಲಿಟ್ಲರ್ ವಿಡಿಯೋ ನೋಡಿದೆ. ಡಾರ್ಟ್ಸ್, ಅಂದ್ರೆ ಗೋಡೆಯ ಬೋರ್ಡಿಗೆ ಪುಟ್ಟ ಬಾಣ ಎಸೆಯೋ ಆಟ, ಅದರಲ್ಲಿ ಹದಿನೇಳನೇ ವಯಸ್ಸಿಗೆ ವಿಶ್ವ ಚಾಂಪಿಯನ್, ಬಹುಮಾನ 5 ಲಕ್ಷ ಪೌಂಡ್. 'ಆ ವಯಸ್ಸಿನಲ್ಲಿ ನಾವೇನು ಮಾಡ್ತಿದ್ವಿ ಹೇಳು' ಅಂತ ಕೇಳಿದ್ದೀಯ. ಅದು ನಿನಗೂ ಗೊತ್ತು, ವಾರ್ಡನ್ನಿಗೂ ಗೊತ್ತು. ಈ ಪೋಸ್ಟನ್ನ ಊರೆಲ್ಲ ಓದ್ತಾ ಇದೆ, ಬೇಡ ಬಿಡು. ಹಲಸಿನಹಣ್ಣಿನ ವಿಷಯ ಅಂತೂ ಮೊದಲೇ ಬೇಡ.

ಒಂದು ವಿಡಿಯೋ ಮುಗಿದರೆ ಇನ್ನೊಂದು ತಾನೇ ಶುರುವಾಗತ್ತಲ್ಲ, ಹಾಗೆ ನೋಡ್ತಾ ನೋಡ್ತಾ ಎರಿಕ್ ಬ್ರಿಸ್ಟೋ ಸಿಕ್ಕ. ಲಂಡನ್ನಿನ ಹ್ಯಾಕ್ನಿಯವನು, ಮಹಾ ಜಂಬದ ಆಸಾಮಿ. ಡಾರ್ಟ್ ಹಿಡಿದಾಗ ಕಿರುಬೆರಳು ಮೇಲಕ್ಕೆ, ದೊಡ್ಡ ಮನೆ ಹೆಂಗಸರು ಕಾಫಿ ಕಪ್ಪು ಹಿಡಿದ ಹಾಗೆ. 1980, 81, 84, 85, 86, ಐದು ಸಲ ವಿಶ್ವ ಚಾಂಪಿಯನ್.

1983ರ ಫೈನಲ್ ಬೇರೆಯೇ ಕತೆ. ಎದುರಿಗೆ ಕೀತ್ ಡೆಲ್ಲರ್, ಯಾರೂ ಲೆಕ್ಕಕ್ಕೇ ಇಟ್ಟಿರದ ಹುಡುಗ. ಸರದಿಗೆ ಮೂರು ಡಾರ್ಟ್, ಬಿದ್ದ ಅಂಕವನ್ನ 501ರಿಂದ ಇಳಿಸ್ತಾ ಬಂದು ಸೊನ್ನೆ ಮಾಡಬೇಕು, ಕೊನೆಯ ಡಾರ್ಟ್ ಡಬಲ್‌ಗೋ (ಅಂಕ ಎರಡರಷ್ಟಾಗೋ ಅಂಚಿನ ಪಟ್ಟಿ) ನಡುವಿನ 50 ಅಂಕದ ಬುಲ್‌ಗೋ ಬೀಳಬೇಕು, ಅಷ್ಟೇ ಆಟ. ಬ್ರಿಸ್ಟೋಗೆ 50 ಉಳಿದಿತ್ತು, ಕೈಯಲ್ಲಿ ಒಂದೇ ಡಾರ್ಟ್. ಬುಲ್ ಹೊಡೆದಿದ್ದರೆ ಆ ಲೆಗ್, ಅಂದ್ರೆ ಆ ಸುತ್ತು, ಅವನದೇ. ಹೊಡೆಯಲಿಲ್ಲ. 18 ಹೊಡೆದು, ಮುಂದಿನ ಸರದಿಗೆ ತನಗೆ ಸಲೀಸಾದ 32 ಉಳಿಸಿಕೊಂಡ. ಡೆಲ್ಲರ್‌ಗೆ 138 ಬೇಕಿತ್ತು. ಈ ಹುಡುಗ ಎಲ್ಲಿ ಮುಗಿಸ್ತಾನೆ ಅನ್ನೋ ಧೈರ್ಯ. ಹುಡುಗ 60, 54, 24 ಅಂತ ಮೂರೇ ಡಾರ್ಟಿಗೆ ಮುಗಿಸಿ ಕಪ್ ಎತ್ಕೊಂಡು ಹೋದ. ಆ ಮೂರು ಡಾರ್ಟನ್ನು ಎಷ್ಟು ಸಲ ಹಿಂದಕ್ಕೆ ಓಡಿಸಿ ನೋಡಿದೆನೋ.

ಆದರೆ ನಿದ್ದೆ ಕೆಡಿಸಿದ್ದು ಅದಲ್ಲ ಕಣೋ. 1986ರ ಕೊನೆಯಲ್ಲಿ, ಸ್ವೀಡನ್ನಿನಲ್ಲಿ ಆಡ್ತಿದ್ದಾಗ, ಬ್ರಿಸ್ಟೋ ಕೈಯಿಂದ ಡಾರ್ಟ್ ಹೊರಡಲೇ ಇಲ್ಲ. ನೋವಿಲ್ಲ, ಪೆಟ್ಟಿಲ್ಲ. ಕೈ ಹಿಂದಕ್ಕೆ ಹೋಗತ್ತೆ, ಮುಂದಕ್ಕೆ ಬರತ್ತೆ, ಬೆರಳು ಬಿಚ್ಚಲ್ಲ. ಬೋರ್ಡು ಇರೋದು ಎಂಟಡಿಯೊಳಗೆ, ಮಕ್ಕಳೂ ಎಸೀತಾರೆ. ಇದಕ್ಕೆ 'ಡಾರ್ಟೈಟಿಸ್' ಅಂತ ಹೆಸರೇ ಇದೆ. ಗಾಲ್ಫ್ ಆಡೋರಿಗೂ ಇಂಥದೇ ಒಂದು ಬರತ್ತಂತೆ. ಆಮೇಲೂ ಬ್ರಿಸ್ಟೋ 1987, 89, 90, 91ರಲ್ಲಿ ಫೈನಲ್‌ವರೆಗೆ ಬಂದ. ಒಂದನ್ನೂ ಗೆಲ್ಲಲಿಲ್ಲ.

ಇದನ್ನ ನಿನಗೆ ಮಾತ್ರ ಹೇಳೋಣ ಅಂತಿದ್ದೆ. ಇಲ್ಲೇ ಬರೀತಾ ಇದೀನಿ, ಇರಲಿ.

ನನ್ನ ಕೈಯೂ ನಿಲ್ತಾ ಇದೆ. ಲ್ಯಾಬಿನಲ್ಲಿ ಬೆಳಗ್ಗೆ ಫಾಸ್ಟಿಂಗ್ ಶುಗರ್‌ನವರ ಸಾಲು ಇರತ್ತಲ್ಲ. ರಬ್ಬರ್ ಪಟ್ಟಿ ಕಟ್ತೀನಿ, 'ಮುಷ್ಟಿ ಬಿಗಿ ಮಾಡಿ' ಅಂತೀನಿ, ಸ್ಪಿರಿಟ್ ಹತ್ತಿಯಲ್ಲಿ ಒರೆಸ್ತೀನಿ, ನರ ಬೆರಳಿಗೆ ಸಿಗತ್ತೆ. ಸೂಜಿ ಚರ್ಮದ ಹತ್ತಿರ ಹೋಗಿ ನಿಂತುಬಿಡತ್ತೆ. ನಡುಗಲ್ಲ, ಸುಮ್ನೆ ನಿಲ್ಲತ್ತೆ. ಕೂತವರು ಮುಖ ಆ ಕಡೆ ತಿರುಗಿಸಿಕೊಂಡಿರೋದರಿಂದ ಗೊತ್ತಾಗಲ್ಲ. ಕನ್ನಡಕ ಮಸುಕಾಗಿದೆ ಅಂತ ಒರೆಸ್ತೀನಿ, ಟ್ಯೂಬಿನ ಲೇಬಲ್ ಇನ್ನೊಂದು ಸಲ ಓದ್ತೀನಿ. ಆಮೇಲೆ ಹೇಗೋ ಹೋಗತ್ತೆ. ಕೂಸುಗಳ ಕೂದಲೆಳೆಯಂಥ ನರದಲ್ಲೂ ರಕ್ತ ತೆಗೆದ ಕೈ ಇದು.

ಈಗ ಫಿಲ್ ಟೇಲರ್ ಭಾಗ. ಇಂಗ್ಲೆಂಡಿನ ಸ್ಟೋಕ್‌ನ ಕಾರ್ಖಾನೆಯೊಂದರಲ್ಲಿ ಟಾಯ್ಲೆಟ್ ರೋಲ್ ಹಿಡಿಗೆ ಪಿಂಗಾಣಿ ತುಂಡು ಮಾಡ್ತಿದ್ದವನು. ಅವನಿಗೆ ಸುಮಾರು 10,000 ಪೌಂಡ್ ಸಾಲ ಕೊಟ್ಟು, ಕೆಲಸ ಬಿಡು, ಡಾರ್ಟ್ಸ್ ಆಡು ಅಂದವನು ಬ್ರಿಸ್ಟೋನೇ. 1990ರ ಫೈನಲ್‌ನಲ್ಲಿ ಶಿಷ್ಯ ಗುರುವನ್ನು 6-1ರಿಂದ ಹೊಡೆದು ಹಾಕಿದ. ಮುಂದೆ ಒಟ್ಟು ಹದಿನಾರು ವಿಶ್ವ ಕಿರೀಟ. ಬ್ರಿಸ್ಟೋ ಆ ಸಂಜೆ ಒಳಗೆ ಏನಂದ್ಕೊಂಡನೋ ಯಾವ ವಿಡಿಯೋದಲ್ಲೂ ಕಾಣಲ್ಲ.

ನಾನೇ ಕೈ ಹಿಡಿದು ಕಲಿಸಿದ ಹುಡುಗಿಯೊಬ್ಬಳು ಇದ್ದಾಳೆ ಅಂತ ಹೇಳಿದ್ದೆನಲ್ಲ. ಈಗ ಅಜ್ಜಿಯರು 'ಆ ಮಗು ಬರ್ಲಿ, ಕಾಯ್ತೀನಿ' ಅಂತಾರೆ. ಮೊನ್ನೆ ಒಬ್ಬರ ತೋಳಲ್ಲಿ ಅವಳಿಗೆ ನರ ಸಿಗಲಿಲ್ಲ, ಎರಡು ಸಲ ಚುಚ್ಚಿದಳು, ಊದಿಕೊಂಡಿತು. ನನಗೆ ಖುಷಿಯಾಯಿತು ಕಣೋ. ಅಯ್ಯೋ ಪಾಪ ಅನ್ನೋದಕ್ಕಿಂತ ಮೊದಲು ಖುಷಿ. 'ಸರ್, ಸ್ವಲ್ಪ ನೋಡ್ತೀರಾ' ಅಂತ ನನ್ನ ಕಡೆ ತಿರುಗಿದಾಗ, ಫೋನ್ ಬಂತು ಅಂತ ಹೊರಗೆ ಹೋದೆ. ಫೋನ್ ಬಂದಿರಲಿಲ್ಲ. ಮನೆಯಲ್ಲಿ ಹೇಳಿಲ್ಲ. ಅವಳೂ ಇದನ್ನ ಓದಬಹುದು, ನನ್ನ ಫ್ರೆಂಡ್ ಲಿಸ್ಟಿನಲ್ಲೇ ಇದ್ದಾಳೆ.

ಬ್ರಿಸ್ಟೋ 2018ರ ಏಪ್ರಿಲ್‌ನಲ್ಲಿ ಹೋದ, ಲಿವರ್‌ಪೂಲ್‌ನಲ್ಲಿ, ಪಂದ್ಯ ನಡೀತಿದ್ದ ಸ್ಟೇಡಿಯಂ ಹೊರಗೇ ಹೃದಯಾಘಾತ. ಅರವತ್ತಾಗಿತ್ತು. ನಮಗೆ ಇನ್ನೂ ಟೈಮಿದೆ, ಬೆವರಬೇಡ.

ಸಾಕು, ಜಾಸ್ತಿಯಾಯ್ತು. ಬೆಳಗಾದರೆ ಡಿಲೀಟ್ ಮಾಡ್ತೀನೇನೋ, ಸ್ಕ್ರೀನ್‌ಶಾಟ್ ತೆಗೆಯೋ ನಿನ್ನ ಬುದ್ಧಿ ಗೊತ್ತಿದೆ. ಕೆಳಗೆ 'ಧೈರ್ಯ ತಗೋ ಗೆಳೆಯಾ' ಅಂತ ಹೂವಿನ ಚಿತ್ರ ಹಾಕೋರೆಲ್ಲ ಮೊದಲು ಹಳೇ ಬಿಲ್ ಬಾಕಿ ಕೊಡಿ. ಚೇರ್ಮನ್ನರೇ, ಊರಿಗೆ ಬಂದಾಗ ನಿಮ್ಮ ಥೈರಾಯ್ಡ್ ಟೆಸ್ಟು ಮಾಡಿಸಬೇಕು ಅಂದಿದ್ರಲ್ಲ, ಖಾಲಿ ಹೊಟ್ಟೆಯಲ್ಲಿ ಬನ್ನಿ. ಸೂಜಿ ಅವಳು ಹಿಡೀತಾಳೆ. ಡಿಸ್ಕೌಂಟ್ ಕೇಳೋದಾದ್ರೆ ಮಾತ್ರ ನಾನೇ ಹಿಡೀತೀನಿ.

ನಿನ್ನ,
ಖಜಾಂಚಿ