ಐದನೇ ನಂಬರಿನ ಜಟಾಧಾರಿಗೆ

ಕೈಲ್ ಬೆಕರ್ಮನ್ 2021ರ ಜನವರಿಯಲ್ಲಿ ನಿವೃತ್ತಿಯಾದರು. ಸುದ್ದಿ ಬಂದಾಗ ಮನೆ ಮುಂದಿನ ಹಿಮ ಎತ್ತಿ ಹಾಕುತ್ತಿದ್ದೆ. ಸಲಿಕೆ ಅಲ್ಲೇ ಊರಿ, ಫೋನ್ ನೋಡುತ್ತಾ ನಿಂತುಬಿಟ್ಟೆ.

ನಮ್ಮ ಕಡೆಯವರಿಗೆ ಈ ಹೆಸರು ಗೊತ್ತಿರಲಿಕ್ಕಿಲ್ಲ. ಅಮೆರಿಕದ ಫುಟ್‌ಬಾಲ್ (ಇಲ್ಲಿನವರ ಬಾಯಲ್ಲಿ ಸಾಕರ್) ಆಟಗಾರರಾಗಿದ್ದವರು. ಯೂಟಾ ರಾಜ್ಯದ ರಿಯಲ್ ಸಾಲ್ಟ್ ಲೇಕ್ ತಂಡದ ನಾಯಕರಾಗಿದ್ದರು, 5ನೇ ನಂಬರ್, ಬೆನ್ನ ಮೇಲೆ ಇಳಿಬಿದ್ದ ಜಟೆ. ಅವರಿಗೆ ಕನ್ನಡ ಬರಲ್ಲ, ಇದನ್ನು ಓದೋದೂ ಇಲ್ಲ. ಆದ್ರೂ ಥ್ಯಾಂಕ್ಸ್ ಹೇಳದೆ ಸುಮ್ನೆ ಇರೋಕೆ ಆಗ್ತಿಲ್ಲ.

ನಾನು ಯೂಟಾಕ್ಕೆ ಬಂದಿದ್ದು 2008ರಲ್ಲಿ, ಎರಡು ವರ್ಷದ ಮಟ್ಟಿಗೆ ಅಂತ. ಮರುವರ್ಷವೇ ಕೆಲಸ ಹೋಯಿತು. ಊರಲ್ಲಿ ಅಮ್ಮನಿಗೆ ಹೇಳಿರಲಿಲ್ಲ. ದಿನಾ ಬೆಳಿಗ್ಗೆ ಫೋನ್ ಮಾಡಿ "ಆಫೀಸಿಗೆ ಹೊರಟ್ಯಾ?" ಅಂತ ಕೇಳುತ್ತಿದ್ದರು. ಲುಂಗಿಯಲ್ಲಿ ಕೂತೇ "ಹೊರಟೆ ಅಮ್ಮ" ಅನ್ನುತ್ತಿದ್ದೆ.

ನಮ್ಮ ಕೆಳಗಿನ ಮನೆಯಲ್ಲಿ ಒಬ್ಬ ಅಜ್ಜ ಇದ್ದರು, ಅಮೆರಿಕದವರೇ. ನಾನು ಹಗಲೆಲ್ಲಾ ಮನೆಯಲ್ಲೇ ಇರೋದು ಅವರ ಕಣ್ಣಿಗೆ ಬಿದ್ದಿತ್ತು. ಒಂದು ಶನಿವಾರ ಬಾಗಿಲು ತಟ್ಟಿ, ಟಿಕೆಟ್ ಒಂದು ಜಾಸ್ತಿ ಇದೆ, ಬಾ ಅಂದರು. ಹಾಗೆ ಸ್ಯಾಂಡಿ ಅನ್ನೋ ಊರಲ್ಲಿರುವ ರಿಯಲ್ ಸಾಲ್ಟ್ ಲೇಕ್ ಸ್ಟೇಡಿಯಂಗೆ ಹೋದೆ. ನನಗೆ ಗೊತ್ತಿದ್ದದ್ದು ಕ್ರಿಕೆಟ್ ಮಾತ್ರ. ಚೆಂಡು ಹೋದ ಕಡೆ ಕಣ್ಣು ಹೋಗುತ್ತಿತ್ತು. ಅಜ್ಜ ನನ್ನ ಮೊಣಕೈ ತಿವಿದು ಹೇಳಿದರು: "ಚೆಂಡು ನೋಡಬೇಡ. ಹತ್ತು ನಿಮಿಷ ಆ ಜಟೆಯವನನ್ನೇ ನೋಡು."

ನೋಡಿದೆ. ಚೆಂಡು ಆ ಕಡೆಯ ಮೂಲೆಯಲ್ಲಿತ್ತು. ಇವರು ಓಡುತ್ತಿರಲಿಲ್ಲ. ಒಮ್ಮೆ ಎಡಕ್ಕೆ, ಒಮ್ಮೆ ಬಲಕ್ಕೆ ಕತ್ತು ತಿರುಗಿಸಿ ಬೆನ್ನ ಹಿಂದೆ ಯಾರಿದ್ದಾರೆ ನೋಡಿಕೊಂಡರು. ಕೈ ತೋರಿಸಿ ಒಬ್ಬನನ್ನು ಹಿಂದಕ್ಕೆ ಕಳಿಸಿದರು. ತಾವು ಎರಡು ಹೆಜ್ಜೆ ಸರಿದು ನಿಂತರು. ಅಷ್ಟೇ. ಸ್ವಲ್ಪ ಹೊತ್ತಿಗೆ ಎದುರಾಳಿಯ ಪಾಸ್ ನೇರವಾಗಿ ಅಲ್ಲಿಗೇ ಬಂತು. ತಡೆದು, ಹತ್ತಿರದವನಿಗೆ ತಳ್ಳಿ, ಮತ್ತೆ ಕತ್ತು ತಿರುಗಿಸತೊಡಗಿದರು. ಒಂದು ಚಪ್ಪಾಳೆಯೂ ಇಲ್ಲ. ದ್ರಾವಿಡ್ ಆಫ್ ಸ್ಟಂಪ್ ಹೊರಗಿನ ಚೆಂಡು ಬಿಡೋದನ್ನು ನೋಡುತ್ತಾ ಬೆಳೆದವನು ನಾನು. ಈ ಆಟ ಹಿಡಿಸೋಕೆ ಜಾಸ್ತಿ ಹೊತ್ತು ಬೇಕಾಗಲಿಲ್ಲ.

ಆ ವರ್ಷ ತಂಡ ಗೆದ್ದಿದ್ದು 11, ಸೋತಿದ್ದು 12. ಹೇಗೋ ತೂರಿಕೊಂಡು ಪ್ಲೇಆಫ್ ಸೇರಿತು. ನವೆಂಬರ್ 22ಕ್ಕೆ ಸಿಯಾಟಲ್‌ನಲ್ಲಿ ಅಮೆರಿಕದ ಮೇಜರ್ ಲೀಗ್ ಸಾಕರ್ ಫೈನಲ್. ಎದುರಿಗೆ ಬೆಕಮ್, ಡೊನೊವನ್ ಇದ್ದ ಲಾಸ್ ಏಂಜಲೀಸ್ ಗ್ಯಾಲಕ್ಸಿ. 1-1 ಆಗಿ ಪೆನಾಲ್ಟಿಗೆ ಹೋಯಿತು. ಡೊನೊವನ್ ಹೊಡೆದದ್ದು ಗೋಲಿನ ಮೇಲಿಂದ ಹಾರಿಹೋಯಿತು. ಕೊನೆಗೆ ನಮ್ಮ ರಾಬಿ ರಸೆಲ್ ಒದ್ದು ಗೆಲ್ಲಿಸಿದರು. ಅಜ್ಜನ ಸೋಫಾ ಮೇಲೆ ನಾವಿಬ್ಬರೂ ಕುಣಿದೆವು. ನನಗೆ ಕೆಲಸ ಸಿಕ್ಕಿದ್ದು ಎರಡು ತಿಂಗಳ ನಂತರ. ಅದಕ್ಕೂ ಇದಕ್ಕೂ ಸಂಬಂಧ ಇಲ್ಲ, ಬಿಡಿ.

ಬೆಕರ್ಮನ್ ಕಥೆ ನನಗೆ ಆಮೇಲೆ ಗೊತ್ತಾಯಿತು. ಮೇರಿಲ್ಯಾಂಡ್‌ನ ಹುಡುಗ. 2000ದಲ್ಲಿ ಮಯಾಮಿ ಫ್ಯೂಷನ್ ಸೇರಿದರು. ಎರಡೇ ವರ್ಷಕ್ಕೆ ಆ ಕ್ಲಬ್ಬೇ ಮುಚ್ಚಿಹೋಯಿತು. ಆಗ ಅವರಿಗೆ 19. ಅಲ್ಲಿಂದ ಕೊಲರಾಡೊ ತಂಡ. 2007ರಲ್ಲಿ ಅದೂ ಅವರನ್ನು ಇಲ್ಲಿಗೆ ಕೊಟ್ಟುಬಿಟ್ಟಿತು, ಬದಲಿಗೆ ಇನ್ನೊಬ್ಬ ಆಟಗಾರನನ್ನು ತೆಗೆದುಕೊಂಡು. ಹಾಗೆ ಬಂದವರು 14 ಸೀಸನ್ ಇಲ್ಲೇ ಉಳಿದರು.

ಅವರ ಬೆಲೆ ಪೂರ್ತಿ ಗೊತ್ತಾಗಿದ್ದು ಅವರು ಆಡದ ದಿನ. 2011ರ ಏಪ್ರಿಲ್, ಕಾನ್‌ಕಕಾಫ್ ಚಾಂಪಿಯನ್ಸ್ ಲೀಗ್ ಫೈನಲ್. ಉತ್ತರ, ಮಧ್ಯ ಅಮೆರಿಕ ಮತ್ತು ಕೆರಿಬಿಯನ್ ಕ್ಲಬ್‌ಗಳ ಟೂರ್ನಿ ಅದು. ಮೆಕ್ಸಿಕೊದ ಮಾಂಟೆರೆಯಲ್ಲಿ ಮೊದಲ ಪಂದ್ಯ 2-2 ಆಗಿತ್ತು. ಅಲ್ಲೊಂದು ಹಳದಿ ಕಾರ್ಡ್ ಬಿದ್ದು, ನಮ್ಮೂರಿನ ಎರಡನೇ ಪಂದ್ಯಕ್ಕೆ ಇವರು ಹೊರಗೆ. ಸ್ಟೇಡಿಯಂ ತುಂಬಿತ್ತು. ನನ್ನ ಕಣ್ಣು ಮಾತ್ರ ಪದೇ ಪದೇ ಅವರು ನಿಲ್ಲುವ ಜಾಗಕ್ಕೆ ಹೋಗುತ್ತಿತ್ತು. ಮೊದಲರ್ಧ ಮುಗಿಯುವ ಹೊತ್ತಿಗೆ ಮಾಂಟೆರೆ ತಂಡದ ಸುವಾಸೊ ಗೋಲು ಹೊಡೆದರು. 0-1. ಅವರಿದ್ದಿದ್ದರೆ ಗೆಲ್ಲುತ್ತಿದ್ದೆವು ಅಂತ ಆಣೆ ಮಾಡಿ ಹೇಳೋಕಾಗಲ್ಲ. ಅಜ್ಜ ಮಾತ್ರ ಇವತ್ತಿಗೂ ಆಣೆ ಮಾಡುತ್ತಾರೆ. ಅಷ್ಟು ದೊಡ್ಡ ಕಪ್ ಹಾಗೆ ಕೈತಪ್ಪಿದರೂ ಬೆಕರ್ಮನ್ ಮುಂದಿನ ಪಂದ್ಯಗಳಿಗೆ ಅದೇ ಜಾಗದಲ್ಲಿ ಬಂದು ನಿಂತು, ಅದೇ ಥರ ಕತ್ತು ತಿರುಗಿಸಿದರು. ನಾನು ಕಲಿತಿದ್ದು ಏನಾದರೂ ಇದ್ದರೆ ಅಲ್ಲಿ.

2014ರ ವಿಶ್ವಕಪ್‌ನಲ್ಲಿ ಅಮೆರಿಕದ ಪರ, 32ನೇ ವಯಸ್ಸಲ್ಲಿ, ಘಾನಾ, ಪೋರ್ಚುಗಲ್, ಜರ್ಮನಿ ವಿರುದ್ಧ ಮೊದಲಿಂದಲೇ ಆಡಿದರು. ಬೆಲ್ಜಿಯಂ ಪಂದ್ಯಕ್ಕೆ ಯಾಕೆ ಕೂರಿಸಿದರೋ, ಆ ಸಿಟ್ಟು ನನಗಿನ್ನೂ ಹೋಗಿಲ್ಲ.

21 ಸೀಸನ್, ಲೀಗ್‌ನಲ್ಲಿ 498 ಪಂದ್ಯ. ಇನ್ನೆರಡು ಆಡಿದ್ದರೆ 500 ಆಗ್ತಿತ್ತು, ಅಲ್ವಾ? ಲೆಕ್ಕಕ್ಕಾಗಿ ಆಡಲಿಲ್ಲ, ನಿಲ್ಲಿಸಿದರು.

ಥ್ಯಾಂಕ್ಸ್, ಕೈಲ್. ಎರಡು ವರ್ಷಕ್ಕೆ ಬಂದವನು ಇನ್ನೂ ಇಲ್ಲೇ ಇದ್ದೀನಿ. ಅದರಲ್ಲಿ ನಿಮ್ಮದೂ ಸ್ವಲ್ಪ ಪಾಲಿದೆ.

ಆ ಶನಿವಾರ ಬಾಗಿಲು ತಟ್ಟಿದ ಅಜ್ಜನಿಗೂ ಥ್ಯಾಂಕ್ಸ್. ಕೊರೊನಾದಿಂದ 2020ರಲ್ಲಿ ಒಂದು ಪಂದ್ಯಕ್ಕೂ ಹೋಗಲಿಲ್ಲ ಅವರು. ಮುಂದಿನ ಪಂದ್ಯಕ್ಕೆ ಕಾರು ನನ್ನದು, ಕೋಡುಬಳೆಯೂ ನನ್ನದು. ಖಾರ ಕಡಿಮೆ ಹಾಕಿಸ್ತೀನಿ.